ಬೇರೆ ಕೈಗೆ ಇಳಿಯದ ಹಾಲು

ಹಾಲಕ್ಕ ಒಂದೇ ಕಾಲಿನ ಮೇಲೆ ನಿಂತು ಹಾಲು ಕರೆಯುತ್ತಿದ್ದಳು. ಒಂಟೆಯ ಕೆಚ್ಚಲು ನಮ್ಮ ಸೊಂಟಕ್ಕಿಂತ ಮೇಲಿರುತ್ತದೆ, ಕೂತು ಕರೆಯುವ ಮಾತೇ ಇಲ್ಲ. ಬಲಗಾಲು ಮಡಚಿ ಪಾದವನ್ನು ಎಡಮಂಡಿಗೆ ಊರಿ, ಆ ತೊಡೆಯ ಮೇಲೆ ಪಾತ್ರೆ ನಿಲ್ಲಿಸಿ, ಎರಡೂ ಕೈಯಿಂದ ಕರೆಯಬೇಕು. ಅದೂ ನಿಧಾನವಾಗಿ ಅಲ್ಲ. ಮೊದಲು ಮರಿ ಬಂದು ನಾಲ್ಕು ಗುಟುಕು ಎಳೆಯಬೇಕು, ಆಗ ತಾಯಿ ಹಾಲು ಇಳಿಸುತ್ತದೆ. ಇಳಿಸಿದ ಮೇಲೆ ಒಂದೂವರೆ ನಿಮಿಷ, ಬಹಳವೆಂದರೆ ಎರಡು. ಅಷ್ಟರಲ್ಲಿ ಕರೆದಷ್ಟು ನಿನ್ನದು. ಆಮೇಲೆ ಕಾಲಿಗೆ ಬಿದ್ದರೂ ಒಂದು ಹನಿ ಇಲ್ಲ. ಐವತ್ತೆಂಟು ವಯಸ್ಸಿನ ಹೆಂಗಸು, ದಿನಕ್ಕೆರಡು ಹೊತ್ತು, ಏಳು ಒಂಟೆ, ಹತ್ತೊಂಬತ್ತು ವರ್ಷ, ಒಂದೇ ಕಾಲು. ನೆನೆಸಿಕೊಂಡರೆ ನನಗೆ ಈಗಲೂ ಸಿಟ್ಟು ಬರುತ್ತದೆ.

ನಾನು ಅದೇ ಡೈರಿಯಲ್ಲಿ ಸೀಸೆ ತೊಳೆಯುವವಳು. ಬಿಸಿನೀರಿಗೆ ಘಾಟು ವಾಸನೆಯ ತೊಳೆಯುವ ಸೋಡಾ ಹಾಕಿ, ಬ್ರಷ್ ತಿರುಗಿಸಿ, ಸೀಸೆ ಬೋರಲು ಹಾಕುವುದು ನನ್ನ ಕೆಲಸ. ಹೆಸರು ಹಿಡಿದು ಯಾರೂ ನನ್ನನ್ನು ಕೂಗುವುದಿಲ್ಲ. ಹಾಲಕ್ಕ ಮೊದಲ ದಿನವೇ ‘ಸೀಸೆ’ ಎಂದಳು, ಅದೇ ನಿಂತಿತು. ‘ಕೈ ಕೆಸರಾದರೆ ಬಾಯಿ ಮೊಸರು’ ಎಂದು ನಾನೊಮ್ಮೆ ದೊಡ್ಡದಾಗಿ ಗಾದೆ ಹೇಳಿದ್ದಕ್ಕೆ ಅವಳು, ‘ಇಲ್ಲಿ ಕೈ ಎಷ್ಟು ಕೆಸರಾದ್ರೂ ಬಾಯಿ ಮೊಸರಾಗಲ್ಲ ಕಣೇ. ಒಂಟೆ ಹಾಲು ಸುಮ್ಮಸುಮ್ಮನೆ ಹೆಪ್ಪಾಗಲ್ಲ’ ಎಂದು ನಕ್ಕಿದ್ದಳು. ಅವಳ ನಗುವೂ ಹಾಗೆಯೇ, ಸುಮ್ಮಸುಮ್ಮನೆ ಬರುತ್ತಿರಲಿಲ್ಲ.

ಡೈರಿಯ ಮುಂಭಾಗದಲ್ಲಿ ನೋಡಲು ಬರುವವರಿಗೆಂದೇ ಒಂದು ಕೋಣೆ ಇತ್ತು. ಯಜಮಾನರಿಗೆ ಒಂಟೆಯ ಚರಿತ್ರೆಯ ಹುಚ್ಚು. ಗೋಡೆಯ ತುಂಬ ಫಲಕ ಬರೆಸಿದ್ದರು. ಶಾಲೆಯ ಮಕ್ಕಳು ಸಾಲಾಗಿ ಬಂದು ನೋಡಿ ಹೋಗುತ್ತಿದ್ದರು. ವಾರಕ್ಕೊಮ್ಮೆ ಅವುಗಳ ಧೂಳು ಒರೆಸುವುದು ನನ್ನ ಪಾಲಿಗೆ ಬಂದಿತ್ತು. ಹಾಲಕ್ಕನಿಗೆ ಓದಲು ಬಾರದು. ಬಾಗಿಲ ಬಳಿ ನಿಂತು, ‘ಏನು ಬರೆದಿದ್ದಾರೆ ಓದೇ’ ಎನ್ನುತ್ತಿದ್ದಳು.

ನಾನು ಓದುತ್ತಿದ್ದೆ. ಮನುಷ್ಯ ಒಂಟೆಯ ಬೆನ್ನಿಗೆ ಸರಿಯಾಗಿ ಹೇರು ಕಟ್ಟಲು ಕಲಿತ ಮೇಲೆ ಎಷ್ಟೋ ನಾಡುಗಳಲ್ಲಿ ಬಂಡಿಗಳೇ ಮರೆಯಾದವಂತೆ. ನೂರಾರು ವರ್ಷ ಅಲ್ಲಿನ ರಸ್ತೆಯಲ್ಲಿ ಚಕ್ರದ ಗುರುತೇ ಇರಲಿಲ್ಲವಂತೆ.

‘ನೋಡು ಮತ್ತೆ! ಚಕ್ರಾನೇ ಸೋಲಿಸಿದ್ವು ಇವು,’ ಎಂದಳು ಹಾಲಕ್ಕ. ‘ಆಮೇಲೆ ಲಾರಿ ಬಂತು. ನಮ್ಮಪ್ಪನ್ನ ಸೋಲಿಸ್ತು.’

ಇನ್ನೊಂದು ಫಲಕದಲ್ಲಿ ಯುದ್ಧದ ಸುದ್ದಿ ಇತ್ತು. ಒಂಟೆಯ ವಾಸನೆಗೆ ಶತ್ರುಗಳ ಕುದುರೆಗಳು ಬೆದರಿ ಓಡಿದವಂತೆ.

‘ಕುದುರೆ ಯಾಕೆ, ನನ್ನ ಗಂಡನ ಮನೆಯವರೂ ಓಡ್ತಿದ್ರು!’

ಉಪ್ಪು ಹೊತ್ತ ಸಾಲು, ರೇಷ್ಮೆ ಹೊತ್ತ ಸಾಲು, ರಾಜರ ಓಲೆ ಹೊತ್ತ ಸವಾರರು, ಒಂಟೆಯ ಮೇಲೆ ಕವಿತೆ ಕಟ್ಟಿದ ಊರುಗಳು, ಎಲ್ಲವೂ ಆ ಗೋಡೆಯ ಮೇಲಿದ್ದವು. ಮರಳಿನ ದಾರಿಯಲ್ಲಿ ತಿಂಗಳುಗಟ್ಟಲೆ ಹಾಲನ್ನೇ ಕುಡಿದು ಜನ ಬದುಕಿದರು ಎಂದೂ ಒಂದು ಸಾಲಿತ್ತು. ಆ ಹಾಲನ್ನು ಕರೆದವರು ಯಾರು ಎಂದು ಮಾತ್ರ ಎಲ್ಲಿಯೂ ಇರಲಿಲ್ಲ. ನಾನು ಯಜಮಾನರಿಗೆ ಹಾಗೆಂದು ಹೇಳಿಯೂ ಇದ್ದೆ. ಅವರು ‘ಒಳ್ಳೇ ಪಾಯಿಂಟು’ ಎಂದು ತಲೆದೂಗಿದರು. ಅಷ್ಟೇ.

ಹಾಲಕ್ಕನ ಅಪ್ಪ ಒಂಟೆಗೆ ಹೇರು ಕಟ್ಟುವವನು. ಎರಡೂ ಪಕ್ಕದ ತೂಕ ಕಣ್ಣಳತೆಯಲ್ಲೇ ಸರಿಹೊಂದಿಸುತ್ತಿದ್ದನಂತೆ. ಅವನು ಕಟ್ಟಿದ ಹೇರು ಸಂಜೆಯವರೆಗೂ ಒಂದು ಬೆರಳು ಜರುಗುತ್ತಿರಲಿಲ್ಲವಂತೆ. ಅಮ್ಮ ಹಾಲು ಕರೆಯುವವಳು. ಗಂಡ ಸತ್ತ ಮೇಲೆ, ಮಕ್ಕಳಿಲ್ಲದ ಹಾಲಕ್ಕ ತವರಿಗೆ ಮರಳಿ ಅಮ್ಮನ ಪಕ್ಕದಲ್ಲಿ ನಿಂತು ಒಂಟೆ ಕರೆದಳು. ಅಪ್ಪ ತೀರಿಕೊಂಡ. ಲಾರಿಗಳು ಹೆಚ್ಚಿದವು. ಹಾಲಕ್ಕನ ತಮ್ಮ ಆ ಒಂಟೆಗಳನ್ನೆಲ್ಲ ನಮ್ಮ ಯಜಮಾನರಿಗೆ ಮಾರಿ, ಅಮ್ಮನನ್ನು ಕರೆದುಕೊಂಡು ದೂರದ ಪಟ್ಟಣಕ್ಕೆ ಹೋಗಿ ಒಂದು ಗೋದಾಮಿನಲ್ಲಿ ಕಾವಲುಗಾರನಾದ. ಒಂಟೆಗಳು ಹೊಸ ಜಾಗಕ್ಕೆ ಹೊಂದಿಕೊಳ್ಳುವವರೆಗೆ, ಒಂದು ತಿಂಗಳ ಮಟ್ಟಿಗೆ, ಹಾಲಕ್ಕ ಅವುಗಳ ಜೊತೆ ಬಂದಳು. ಆ ಒಂದು ತಿಂಗಳು ಹತ್ತೊಂಬತ್ತು ವರ್ಷವಾಯಿತು.

ಯಾಕೆಂದರೆ ಒಂಟೆಗಳು ಬೇರೆ ಯಾರ ಕೈಗೂ ಹಾಲು ಕೊಡಲಿಲ್ಲ. ಯಜಮಾನರು ಯಂತ್ರ ತಂದರು, ಹಾಲು ಕರೆಯುವುದನ್ನು ಕಲಿತ ಗಂಡಸರನ್ನು ತಂದರು. ಮರಿ ಬಿಟ್ಟರೂ, ಬೆನ್ನು ಸವರಿದರೂ, ಅವು ಹಿಂಗಾಲು ಎತ್ತಿ ನಿಲ್ಲುತ್ತಿದ್ದವು. ಹಾಲಕ್ಕ ತನ್ನ ಕಪ್ಪು ಉಣ್ಣೆ ಶಾಲು ಹೊದ್ದು, ನಾಲಿಗೆ ಲೊಟಕರಿಸಿ ‘ಹೂ… ಹೂ…’ ಎಂದು ಗುನುಗುತ್ತ ಬಂದರೆ ಸಾಕು, ಬುಳಬುಳ ಇಳಿಯುತ್ತಿತ್ತು. ಆ ಶಾಲನ್ನು ಅವಳು ಒಗೆದದ್ದೇ ಇಲ್ಲ. ಒಗೆದರೆ ಒಂಟೆಗೆ ಗುರುತು ಸಿಗುವುದಿಲ್ಲವಂತೆ. ಅದರ ವಾಸನೆ ನನ್ನ ಮೂಗಿಗೆ ಏಳು ಜನ್ಮಕ್ಕೂ ಸಾಕು.

ಏಳು ವರ್ಷದ ಹಿಂದೆ ಅವಳಿಗೆ ಮೂರು ದಿನ ಜ್ವರ ಬಂತು. ದಿನಕ್ಕೆ ನಲವತ್ತು ಲೀಟರ್ ಬರುವಲ್ಲಿ ಎರಡು ಲೀಟರ್ ಬಂತು. ನಮ್ಮ ಹಾಲು ಹೋಗುವುದು ಒಂದು ಮಕ್ಕಳ ಆಸ್ಪತ್ರೆಗೆ. ಹಸುವಿನ ಹಾಲು ಮೈಗೆ ಒಗ್ಗದ ಮಕ್ಕಳು ಇದನ್ನೇ ನಂಬಿಕೊಂಡಿದ್ದರು. ಮೂರನೆಯ ದಿನ ಆಸ್ಪತ್ರೆಯ ದಾದಿಯೊಬ್ಬಳು ಖಾಲಿ ಕ್ಯಾನು ಹಿಡಿದು ಬಾಗಿಲಲ್ಲಿ ಬಂದು ನಿಂತಳು. ಹಾಲಕ್ಕ ಕಂಬಳಿ ಹೊದ್ದು ನಡುಗುತ್ತಲೇ ಎದ್ದು ಹೋಗಿ ಕರೆದಳು. ಆವತ್ತು ಯಜಮಾನರ ಕಣ್ಣಲ್ಲಿ ನೀರಿತ್ತು. ‘ನೀನೇ ಈ ಡೈರಿಯ ಉಸಿರು ಕಣಮ್ಮ’ ಎಂದರು. ಕೆಟ್ಟ ಮನುಷ್ಯನಲ್ಲ ಅವರು, ಮನಸ್ಸಿನಿಂದಲೇ ಹೇಳಿದರು. ಆದರೆ ಅಟ್ಟ ಹತ್ತಿಸಿ ಏಣಿ ತೆಗೆಯುವುದೆಂದರೆ ಇದೇ. ಅಂದಿನಿಂದ ರಜೆ ಎಂಬ ಮಾತನ್ನು ಅವಳೂ ಎತ್ತಲಿಲ್ಲ, ಅವರೂ ಎತ್ತಲಿಲ್ಲ. ದೊಡ್ಡಿಯ ಪಕ್ಕದ ಕೋಣೆ, ಒಂದು ಮಂಚ, ಒಂದು ಒಲೆ, ಒಂಟೆಗಳ ಕಡೆಗೇ ತೆರೆಯುವ ಒಂದು ಕಿಟಕಿ. ಇಷ್ಟು ಅವಳ ಮನೆ.

ಹೋದ ವರ್ಷದ ಬೇಸಿಗೆಯಲ್ಲಿ ತಮ್ಮನ ಫೋನು ಬಂತು. ಅವಳ ಫೋನನ್ನು ಒತ್ತಿಕೊಡುವವಳು ನಾನೇ ಆದ್ದರಿಂದ, ಮಾತೆಲ್ಲ ನನ್ನ ಕಿವಿಗೂ ಬಿತ್ತು.

‘ಅಕ್ಕಾ, ಅಮ್ಮನಿಗೆ ಮರೆವು ಜಾಸ್ತಿ ಆಗಿದೆ. ನನ್ನ ಹೆಂಡ್ತೀನ ಯಾರು ಅಂತ ಕೇಳ್ತಾಳೆ. ಇವತ್ತು ಮೊಮ್ಮಕ್ಕಳ ಹೆಸರೂ ಹೋಯ್ತು. ನಿನ್ನ ಮಾತ್ರ ಕೇಳ್ತಾನೇ ಇರ್ತಾಳೆ. ಗೋಡೆ ಮೇಲಿನ ನಿನ್ನ ಫೋಟೋ ತೋರಿಸಿ, ಹಾಲು ಕರೆಯೋಕೆ ಹೋದವಳು ಇನ್ನೂ ಬಂದಿಲ್ವಾ ಅಂತಾಳೆ. ಡಾಕ್ಟ್ರು ಹೇಳಿದ್ರು, ಇದೂ ಎಷ್ಟು ದಿನ ಇರುತ್ತೋ ಗೊತ್ತಿಲ್ಲ ಅಂತ. ಬರೋದಾದ್ರೆ ಈಗ ಬಾ.’

‘ಫೋನು ಅವಳ ಕಿವಿಗೆ ಕೊಡೋ.’

‘ಕೊಟ್ರೆ ಹೆದರ್ತಾಳೆ ಅಕ್ಕ. ಡಬ್ಬಿಯೊಳಗೆ ಯಾರೋ ಕೂತಿದ್ದಾರೆ ಅಂತಾಳೆ.’

ಹಾಲಕ್ಕ ಅವತ್ತು ಸಂಜೆ ನೇರವಾಗಿ ಆಫೀಸಿಗೆ ಹೋದಳು. ನಾನೂ ಹಿಂದೆ ಹೋದೆ. ‘ಹತ್ತು ದಿನ ಕೊಡಿ ಯಜಮಾನ್ರೇ. ಅಷ್ಟು ದಿನ ಹಾಲು ಮರಿಗಳಿಗೇ ಬಿಟ್ಟುಬಿಡಿ.’

‘ಆ ಮಕ್ಕಳಿಗೆ ಏನು ಕೊಡ್ಲಮ್ಮ? ನೀನೇ ಹೇಳು, ನೀನು ಹೇಳಿದ ಹಾಗೆ ಮಾಡ್ತೀನಿ’ ಎಂದರು ಯಜಮಾನರು.

ಅವಳು ತಲೆ ತಗ್ಗಿಸಿದಳು. ನನಗೆ ತಡೆಯಲಾಗಲಿಲ್ಲ, ‘ಬೇರೆಯವ್ರಿಗೆ ಕಲಿಸಬೋದಲ್ವಾ?’ ಎಂದು ಬಾಯಿ ಹಾಕಿದೆ. ಯಜಮಾನರು ತಿರುಗಿ ನನ್ನನ್ನೇ ನೋಡಿದರು. ‘ಹೌದು. ನಿನ್ನ ಮುಖ ಒಂಟೆಗಳಿಗೆ ಗೊತ್ತು. ನೀನೇ ಕಲಿ. ಹಾಲಕ್ಕ ಕಣ್ಣಿಗೆ ಬೀಳದ ಹಾಗೆ ಮೂರು ದಿನ ಸತತವಾಗಿ ನೀನು ಅರ್ಧದಷ್ಟಾದ್ರೂ ಹಾಲು ಕರೆದುಬಿಟ್ರೆ, ಅವತ್ತು ಸಂಜೆ ಬಸ್ಸಿಗೇ ಅವಳನ್ನ ಹತ್ತಿಸಿ ಬರ್ತೀನಿ.’

ಬಾಯಿ ಇದ್ದವಳು ಬರಗಾಲದಲ್ಲೂ ಬದುಕಿದಳಂತೆ. ನನ್ನ ಬಾಯಿ ನನ್ನನ್ನು ಒಂಟೆಯ ಕಾಲ ಕೆಳಗೆ ನಿಲ್ಲಿಸಿತು.

ಮೊದಲ ದಿನ ಶಾಲು ಹೊದ್ದು ಹೊರಟೆ. ‘ಲೇ ಸೀಸೆ, ಎದೆ ಉಬ್ಬಿಸ್ಕೊಂಡು ಹೋಗ್ಬೇಡ್ವೇ. ಕರೀದೆ ಮದುವೆಗೆ ಬಂದೋರ ಥರ ಹೋಗು, ಮೆತ್ತಗೆ’ ಎಂದಳು ಹಾಲಕ್ಕ. ಸೋಡಾ ಮುಟ್ಟಿದ ಕೈಯನ್ನು ಒಂಟೆಗಳ ಹತ್ತಿರಕ್ಕೂ ತರಬಾರದು ಎಂದಳು. ಬರೀ ನೀರಲ್ಲಿ ತಿಕ್ಕಿ ತಿಕ್ಕಿ ತೊಳೆದು, ಒಣಹುಲ್ಲಿನ ಧೂಳು ಉಜ್ಜಿಕೊಂಡು ಹೋಗಬೇಕು. ಆ ಸೋಡಾ ವಾಸನೆ ಒಂದು ಚೂರು ಬಂದರೂ ಮುಗಿಯಿತು. ನಾನು ಎಲ್ಲವನ್ನೂ ಮಾಡಿದೆ. ಏಳರಲ್ಲಿ ಹಿರಿಯಳಿಗೆ ನಾವು ‘ಅತ್ತೆ’ ಎನ್ನುತ್ತಿದ್ದೆವು. ಅವಳು ನನ್ನ ಗುನುಗನ್ನು ಕೊನೆಯವರೆಗೂ ಕೇಳಿ, ಕತ್ತು ತಿರುಗಿಸಿ, ಹಸಿರು ಮೇವಿನ ಲೋಳೆಯನ್ನು ನನ್ನ ಮುಖಕ್ಕೆ ಉಗಿದಳು. ಅತ್ತೆಗೊಂದು ಕಾಲ ಸೊಸೆಗೊಂದು ಕಾಲ ಅನ್ನುತ್ತಾರೆ. ಈ ಅತ್ತೆಗೆ ಎಲ್ಲ ಕಾಲವೂ ಅವಳದೇ.

ಎರಡನೆಯ ವಾರ ನಾನು ಸಿಟ್ಟಿನಲ್ಲಿ ಅತ್ತೆಯ ಮೂಗಿಗೆ ಬಡಿದುಬಿಟ್ಟೆ. ಹಾಲಕ್ಕ ಬೆಚ್ಚಿಬಿದ್ದಳು. ಒಂಟೆ ಮುಯ್ಯಿ ಮರೆಯುವ ಪ್ರಾಣಿಯಲ್ಲ. ಅವಳು ನನ್ನ ಬೆವರಿನ ಹಳೆಯ ರವಿಕೆಯೊಂದನ್ನು ತರಿಸಿ ಅತ್ತೆಯ ಮುಂದೆ ಎಸೆದಳು. ಅತ್ತೆ ಅದನ್ನು ಮೂಸಿ, ಕಚ್ಚಿ, ಮಂಡಿಯಡಿ ಹಾಕಿ ಚೆನ್ನಾಗಿ ಅರೆದಳು. ‘ಆಯ್ತು, ಈಗ ನಿನ್ನನ್ನ ಕೊಂದಾಯ್ತು ಅಂತ ಅಂದ್ಕೊಂಡಳು. ಸಿಟ್ಟು ಇಳೀತು,’ ಎಂದಳು ಹಾಲಕ್ಕ. ನೋಡಲು ಬಂದಿದ್ದ ಶಾಲೆಯ ಮೇಷ್ಟ್ರು ಅದನ್ನು ಪುಸ್ತಕದಲ್ಲಿ ಬರೆದುಕೊಂಡರು. ನನ್ನ ರವಿಕೆ ಮಾತ್ರ ಚಿಂದಿಯಾಯಿತು.

ಅದೇ ವಾರ ನನಗೊಂದು ವಿಷಯ ಕಣ್ಣಿಗೆ ಬಿತ್ತು. ನನ್ನ ಕೈ ಕೆಚ್ಚಲು ಮುಟ್ಟುವ ಮೊದಲೇ ಒಂಟೆಗಳು ಹಿಂಗಾಲು ಎತ್ತುತ್ತಿದ್ದವು. ಎತ್ತಿ, ನನ್ನ ಕಡೆ ಅಲ್ಲ, ಮೇವಿನ ಕೋಣೆಯ ಗೋಡೆಯ ಕಡೆ ನೋಡುತ್ತಿದ್ದವು. ಏಳೂ ಅಷ್ಟೇ. ಹಿಂದಿನ ವರ್ಷವಷ್ಟೇ ಮೊದಲ ಮರಿ ಹಾಕಿದ ಕಿರಿಯಳೂ ಅಷ್ಟೇ.

‘ಅಲ್ಲೇನಿದೆ ಹಾಲಕ್ಕ, ಆ ಗೋಡೆ ಹತ್ರ?’ ಎಂದು ಕೇಳಿದೆ.

ಅವಳು ಮೇವಿನ ಕೋಣೆಯೊಳಗೆ ಹೋಗಿ ಹುಲ್ಲಿನ ಕಟ್ಟಿನ ಮೇಲೆ ಕೂತಳು. ನಾನೂ ಹೋಗಿ ಎದುರಿಗೆ ನಿಂತೆ.

‘ಕಲ್ಲು,’ ಎಂದಳು. ‘ಬೇರೆಯವರ ಕೈ ಕೆಚ್ಚಲಿಗೆ ಹೋದಾಗಲೆಲ್ಲ ನಾನು ಈ ಗೋಡೆ ಮರೆಯಿಂದ ಹಿಂಗಾಲಿಗೆ ಸಣ್ಣ ಕಲ್ಲು ಹೊಡೀತಿದ್ದೆ.’

ಉಳಿದದ್ದನ್ನೂ ಒಂದೊಂದಾಗಿ ಹೇಳಿದಳು. ಹತ್ತೊಂಬತ್ತು ವರ್ಷದ ಹಿಂದೆ, ತಿಂಗಳು ಮುಗಿಯುವ ಹೊತ್ತಿಗೆ ಯಂತ್ರ ಬರುತ್ತದೆ, ಬೇರೆ ಜನ ಬರುತ್ತಾರೆ ಎಂದು ಅವಳಿಗೆ ತಿಳಿದಿತ್ತು. ತಮ್ಮನ ಬಾಡಿಗೆ ಮನೆಯಲ್ಲಿ ಎರಡೇ ಕೋಣೆ. ಅವನ ಹೆಂಡತಿ ಬಸುರಿ. ಗಂಡನ ಮನೆಯ ಬಾಗಿಲು ಅವನ ಹೆಣದ ಹಿಂದೆಯೇ ಮುಚ್ಚಿತ್ತು. ತನ್ನ ಜಾಗ ಎಂದು ಹೇಳಿಕೊಳ್ಳಲು ಅವಳಿಗಿದ್ದದ್ದು ಆ ಒಂಟೆಗಳ ಪಕ್ಕ ಮಾತ್ರ. ಪರರ ಕೈ ಎಂದರೆ ನೋವು ಎಂದು ಅವುಗಳಿಗೆ ಕಲಿಸಿಬಿಟ್ಟಳು. ಅವುಗಳ ಹೆಣ್ಣುಮರಿಗಳು ಬೆಳೆದು ಮರಿ ಹಾಕಿದಾಗ ಅವಕ್ಕೂ ಕಲಿಸಿದಳು. ನಾವೆಲ್ಲ ಅದನ್ನು ಪ್ರೀತಿ ಎಂದುಕೊಂಡಿದ್ದೆವು! ಯಜಮಾನರು ಅದರ ಮೇಲೊಂದು ಫಲಕ ಬರೆಸುವುದರಲ್ಲಿದ್ದರು.

‘ಅಲ್ವೇ, ನಿನಗೆ ಬುದ್ಧಿ ಇದೆಯೇನೇ?’ ಎಂದು ನಾನು ಕೂಗಾಡಿದೆ. ‘ಜ್ವರದಲ್ಲಿ ನಡುಗ್ತಾ ಎದ್ದು ಹೋದ್ಯಲ್ಲ, ಆಗಲಾದ್ರೂ ಬಿಡಬಾರದಿತ್ತಾ?’

‘ಬಿಟ್ಟಿದ್ದೆ. ಆಮೇಲೆ ಕಿರಿಯವು ಬಂದ್ವು. ಮತ್ತೆ ಭಯ ಆಯ್ತು. ಮತ್ತೆ ಹೊಡೆದೆ.’ ಅವಳು ತನ್ನ ಕೈಯನ್ನೇ ನೋಡಿಕೊಂಡಳು. ‘ಮಾಡಿದ್ದುಣ್ಣೋ ಮಹರಾಯ ಅಂತಾರಲ್ಲ. ಉಣ್ತಾ ಇದ್ದೀನಿ.’

ಕಲಿಸಿದ್ದನ್ನು ಮರೆಸುವುದು ಕಲಿಸುವುದಕ್ಕಿಂತ ಕಷ್ಟ. ಹಾಲಕ್ಕ ಗೋಡೆಯ ಮುಂದೆ, ಎಲ್ಲ ಒಂಟೆಗಳಿಗೂ ಕಾಣುವಂತೆ, ಎರಡೂ ಖಾಲಿ ಕೈ ಚಾಚಿ ನಿಲ್ಲುತ್ತಿದ್ದಳು. ನಾನು ಕೆಚ್ಚಲು ಮುಟ್ಟಿ ಕೈ ತೆಗೆಯುತ್ತಿದ್ದೆ. ಆ ಕ್ಷಣಕ್ಕೆ ಅವಳು ಒಂಟೆಯ ಬಾಯಿಗೆ ಉಪ್ಪಿನ ಹರಳು ಇಡುತ್ತಿದ್ದಳು. ಮುಟ್ಟು, ಉಪ್ಪು. ಮುಟ್ಟು, ಉಪ್ಪು. ಮೂರು ವಾರ ಒಂದು ಹನಿ ಇಲ್ಲ. ನಾಲ್ಕನೆಯ ವಾರ ಕಿರಿಯಳು ಇಳಿಸಿದಳು. ನನ್ನ ಅಂಗೈಗೆ ಬಿಸಿ ಹಾಲು ತಾಗಿದಾಗ ಸತ್ಯವಾಗಿ ಹೇಳುತ್ತೇನೆ, ನನಗೆ ಅಳು ಬಂತು. ಹಾಲಕ್ಕ ಗೋಡೆಯ ಹತ್ತಿರ ನಿಂತು ಬಾಯಿ ಮುಚ್ಚಿಕೊಂಡು ಕುಣಿದಳು.

ಅತ್ತ ತಮ್ಮನ ಫೋನು ವಾರಕ್ಕೊಂದು ಸುದ್ದಿ ತರುತ್ತಿತ್ತು. ಅಮ್ಮ ಈಗ ಮಗನನ್ನೇ ‘ಮಾವ’ ಎನ್ನುತ್ತಾಳೆ. ಅಡುಗೆಮನೆಗೆ ದಾರಿ ಕೇಳುತ್ತಾಳೆ. ಆದರೆ ಫೋಟೋದ ಮುಂದೆ ನಿಂತರೆ ಮಾತ್ರ ಮುಖ ಅರಳುತ್ತದೆ, ‘ನನ್ನ ಮಗಳು’ ಎನ್ನುತ್ತಾಳೆ. ಪ್ರತಿ ಸಲ ಫೋನು ಇಟ್ಟ ಮೇಲೆ ಹಾಲಕ್ಕ, ‘ಅವಳ ನೆನಪಲ್ಲಿ ನಾನಿನ್ನೂ ಇದೀನಿ’ ಎನ್ನುತ್ತಿದ್ದಳು. ಅಷ್ಟು ಹೇಳಿ ಮರುಕ್ಷಣ ಹೊಸದೊಂದು ಒಂಟೆಯ ಬಳಿಗೆ ನನ್ನನ್ನು ದೂಡುತ್ತಿದ್ದಳು.

ಏಳನೆಯ ವಾರಕ್ಕೆ ಅತ್ತೆಯೂ ಸೋತಳು. ಗುರುವಾರದಿಂದ ಪರೀಕ್ಷೆ. ಹಾಲಕ್ಕ ತನ್ನ ಕೋಣೆಯಲ್ಲಿ ಕಿಟಕಿ ಮುಚ್ಚಿಕೊಂಡು ಕೂತಳು. ಗುರುವಾರ ಎರಡು ಹೊತ್ತೂ ಸೇರಿ ಇಪ್ಪತ್ತಾರು ಲೀಟರ್ ಬಂತು. ಶುಕ್ರವಾರ ಮೂವತ್ತು. ಶನಿವಾರ ಒಂದು ದಾಟಿದರೆ ಸಂಜೆಯ ಬಸ್ಸು. ಎರಡು ರಾತ್ರಿ ಒಂದು ಹಗಲಿನ ದಾರಿ, ಸೋಮವಾರ ಬೆಳಗ್ಗೆ ಅವಳು ಅಮ್ಮನ ಮುಂದೆ ಇರುತ್ತಿದ್ದಳು. ಹೊಸ ಸೀರೆ ಮಡಚಿ ಚೀಲಕ್ಕಿಟ್ಟಿದ್ದನ್ನು ನನಗೆ ಎರಡು ಸಲ ತೆಗೆದು ತೋರಿಸಿದಳು.

ಶುಕ್ರವಾರ ಸಂಜೆ ನಾನು ಮನೆಗೆ ಹೊರಡುವಾಗ ಯಜಮಾನರು ಗೇಟಿನ ಹತ್ತಿರ ತಡೆದರು. ಮುಖ ಊರಗಲ.

‘ಏನಮ್ಮಾ, ಗೆದ್ದುಬಿಟ್ಟೆ! ಇನ್ನು ಸೀಸೆ ತೊಳೆಯೋದು ಬಿಡು, ಅದಕ್ಕೆ ಬೇರೆಯವರನ್ನ ನೋಡ್ತೀನಿ. ಹಾಲಕ್ಕನಿಗೂ ವಯಸ್ಸಾಯ್ತು. ಮುಂದೆ ಎಲ್ಲ ನೀನೇ. ದೊಡ್ಡಿ ಪಕ್ಕ ಇನ್ನೊಂದು ಕೋಣೆ ಎಬ್ಬಿಸ್ತೀನಿ, ಗಂಡ ಮಗಳನ್ನೂ ಕರ್ಕೊಂಡು ಬಂದುಬಿಡು. ನೀನೇ ಇನ್ನು ಈ ಡೈರಿಯ ಉಸಿರು ಕಣಮ್ಮ.’

ಅದೇ ಮಾತು. ಒಂದಕ್ಷರ ಬದಲಿಲ್ಲ.

ನಾನು ಬಸ್ಸಿನಲ್ಲಿ ಕೂತು ಯೋಚಿಸಿದೆ. ಸೀಸೆ ತೊಳೆಯುವವಳಿಗೆ ನಾಲ್ಕೂವರೆಗೆ ಬಸ್ಸು, ಐದೂಕಾಲಕ್ಕೆ ಮನೆ. ಗಂಡ ಕುರ್ಚಿಗೆ ಬೆತ್ತ ಹೆಣೆಯುತ್ತಿರುತ್ತಾನೆ, ಮಗಳು ಶಾಲೆಯಿಂದ ಬಂದು ಹೊಸಿಲ ಮೇಲೆ ಕೂತು ಹರಟೆ ಹೊಡೆಯುತ್ತಾಳೆ. ಭಾನುವಾರ ಮೂವರೂ ಮಧ್ಯಾಹ್ನದವರೆಗೆ ಮಲಗುತ್ತೇವೆ. ನನ್ನದು ಅಂತ ಇರುವುದು ಅಷ್ಟೇ. ಇನ್ನು ಮುಂದೆ ಬೆಳಗ್ಗೆ ಏಳು ಒಂಟೆ, ಸಂಜೆ ಏಳು ಒಂಟೆ, ಮಗಳಿಗೆ ಜ್ವರ ಬಂದರೂ ಏಳು ಒಂಟೆ, ನನಗೆ ಬಂದರೂ ಏಳು ಒಂಟೆ. ಬಾಗಿಲಲ್ಲಿ ಖಾಲಿ ಕ್ಯಾನು ಹಿಡಿದ ದಾದಿ. ನನಗೆ ಬಸ್ಸಿನಲ್ಲೇ ಉಸಿರು ಕಟ್ಟಿತು. ಬರೀ ಹತ್ತು ದಿನಕ್ಕೆ ಎಂದು ಒಪ್ಪಿಕೊಂಡಿದ್ದೆ ನಾನು. ಜನ್ಮಕ್ಕೆ ಅಲ್ಲ.

ಶನಿವಾರ ಬೆಳಗ್ಗೆ ಸೀಸೆ ಕೋಣೆಗೆ ಹೋಗಿ ಸೋಡಾ ನೀರಿನಲ್ಲಿ ಮೊಣಕೈವರೆಗೂ ಕೈ ಅದ್ದಿದೆ. ಒರೆಸಿಕೊಳ್ಳಲಿಲ್ಲ. ಹುಲ್ಲಿನ ಧೂಳು ಉಜ್ಜಲಿಲ್ಲ. ಶಾಲು ಹೊದ್ದು, ಹೂ ಹೂ ಎನ್ನುತ್ತ ದೊಡ್ಡಿಗೆ ಹೋದೆ.

ಏಳರಲ್ಲಿ ಒಂದೂ ಇಳಿಸಲಿಲ್ಲ.

ಯಜಮಾನರು ತಲೆ ಚಚ್ಚಿಕೊಂಡರು. ‘ನಾಳೆಯಿಂದ ಮತ್ತೆ ಮೂರು ದಿನ ನೋಡೋಣ’ ಎಂದರು. ಹಾಲಕ್ಕ ಕೋಣೆಯಿಂದ ಹೊರಗೆ ಬಂದಳು. ಅವಳಾಗಲೇ ಹೊಸ ಸೀರೆ ಉಟ್ಟಿದ್ದಳು. ನಾನು ಕಣ್ಣೆತ್ತಿ ನೋಡದೆ ಶಾಲು ತೆಗೆದು ಅವಳ ಕೈಗೆ ಕೊಟ್ಟೆ. ಅವಳು ಅದನ್ನು ಹಿಡಿದುಕೊಂಡು ಸ್ವಲ್ಪ ಹೊತ್ತು ನಿಂತಳು. ಬಯ್ಯುತ್ತಾಳೆ ಎಂದುಕೊಂಡೆ. ಬಯ್ಯಲಿ ಎಂದೇ ಇತ್ತು.

‘ಪರವಾಗಿಲ್ಲ ಕಣೇ,’ ಎಂದಳು. ‘ನಿನ್ನ ತಪ್ಪೇನಿದೆ? ಕಲ್ಲು ಹೊಡೆದವಳು ನಾನು. ನಾಳೆಯಿಂದ ಮತ್ತೆ ಕರಿ. ಕರೀತೀಯಾ ತಾನೆ?’

ಆ ಸಂಜೆಯ ಹಾಲನ್ನು ಅವಳೇ ಕರೆದಳು. ನಾನು ಮನೆಗೆ ಹೋಗಿ ಊಟ ಮಾಡಲಿಲ್ಲ. ‘ಏನಾಯ್ತೇ?’ ಎಂದು ಗಂಡ ಕೇಳಿದರೆ ಹೊಟ್ಟೆನೋವು ಎಂದೆ. ನನ್ನ ಬಗ್ಗೆ ನನಗೆ ಹೇಸಿಗೆಯಾಯಿತು. ಭಾನುವಾರ ಬೆಳಗ್ಗೆ ಮೊದಲ ಬಸ್ಸಿಗೇ ಬಂದು, ಕೈ ಚರ್ಮ ಕಿತ್ತುಬರುವಂತೆ ತಿಕ್ಕಿ ತೊಳೆದು, ಧೂಳು ಉಜ್ಜಿಕೊಂಡು ಕರೆದೆ. ಭಾನುವಾರ, ಸೋಮವಾರ, ಮಂಗಳವಾರ, ಮೂರು ದಿನವೂ ಮೂವತ್ತಕ್ಕೆ ಕಡಿಮೆ ಇಳಿಯಲಿಲ್ಲ. ಮಂಗಳವಾರ ಸಂಜೆ ಯಜಮಾನರೇ ಹಾಲಕ್ಕನನ್ನು ಬಸ್ಸು ಹತ್ತಿಸಿದರು. ಕಿಟಕಿಯಿಂದ ಅವಳು ನನಗೆ ಕೈ ಬೀಸಲಿಲ್ಲ. ಸೀಟಿನ ಕಂಬಿಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಿದ್ದಳು. ಹತ್ತೊಂಬತ್ತು ವರ್ಷದಲ್ಲಿ ಅವಳು ಬಸ್ಸು ಹತ್ತಿರಲಿಲ್ಲ.

ಹತ್ತು ದಿನಕ್ಕೆಂದು ಹೋದವಳು ಐದೇ ದಿನಕ್ಕೆ, ಭಾನುವಾರ ಬೆಳಗ್ಗೆ ಬಂದಳು. ನಾನು ಆಗಷ್ಟೇ ಅತ್ತೆಯನ್ನು ಕರೆದು ಮುಗಿಸಿದ್ದೆ. ಚೀಲವನ್ನೂ ಇಳಿಸದೆ ಮೇವಿನ ಕೋಣೆಗೆ ಹೋಗಿ ಕೂತಳು. ನಾನು ಹಾಲಿನ ಪಾತ್ರೆ ಕೆಳಗಿಟ್ಟು ಹೋದೆ.

‘ನೋಡಿದ್ಯಾ?’

‘ನೋಡಿದೆ. ಚೆನ್ನಾಗಿದ್ದಾಳೆ. ಕೂದಲು ಬಾಚಿದೆ. ಊಟ ಮಾಡಿಸಿದೆ.’

‘ಮತ್ತೆ?’

‘ಮಂಚದ ಪಕ್ಕ ಒಂದು ಕುರ್ಚಿ ಇದೆ. ಕೂರೋಕೆ ಹೋದೆ. “ಅದ್ರ ಮೇಲೆ ಕೂರಬೇಡಮ್ಮ. ನನ್ನ ಮಗಳು ಬರ್ತಾಳೆ, ಅವಳಿಗೆ” ಅಂದ್ಲು. ಎರಡು ದಿನ ನೆಲದ ಮೇಲೆ ಕೂತಿದ್ದೆ. ಯಾರ ಮನೆಯವಳಮ್ಮ ನೀನು, ಎಷ್ಟು ಒಳ್ಳೆಯವಳು, ಅಂತಿದ್ಲು.’

ಅವಳೇ ಮುಂದುವರಿಸಿದಳು. ‘ತಮ್ಮ ಹೇಳಿದ, ಸೋಮವಾರ ಸಂಜೆವರೆಗೂ ಫೋಟೋ ಗುರುತಿತ್ತಂತೆ. ಮಂಗಳವಾರ ಎದ್ದವಳು, ಇದು ಯಾರದು ಅಂತ ಕೇಳಿದ್ಲಂತೆ.’

ಸೋಮವಾರ ಬೆಳಗ್ಗೆ ಅವಳು ಅಲ್ಲಿರಬೇಕಾಗಿತ್ತು. ಇಡೀ ಒಂದು ದಿನ ಸಿಗುತ್ತಿತ್ತು. ನಾನು ಅವಳ ಎದುರು ಹುಲ್ಲಿನ ಮೇಲೆ ಕೂತೆ. ‘ಹಾಲಕ್ಕ, ಆ ಶನಿವಾರ… ನಾನೇ. ಕೈಗೆ ಸೋಡಾ ಹಾಕ್ಕೊಂಡಿದ್ದೆ. ಬೇಕು ಅಂತಾನೇ.’

‘ಗೊತ್ತು,’ ಎಂದಳು. ‘ಶಾಲು ಕೈಗೆ ಕೊಟ್ಯಲ್ಲ, ವಾಸನೆ ಮೂಗಿಗೆ ಬಡೀತು.’

‘ಗೊತ್ತಿತ್ತಾ? ಗೊತ್ತಿದ್ದೂ ಯಾಕೆ ಒಂದು ಮಾತು ಬಯ್ಯಲಿಲ್ಲ?’

ಅವಳು ಮೊದಲ ಸಲ ನನ್ನ ಮುಖಕ್ಕೆ ಮುಖ ಕೊಟ್ಟು ನೋಡಿದಳು.

‘ಬಯ್ದಿದ್ರೆ, ಆಮೇಲಿನ ಮೂರು ದಿನ ನೀನು ಕರೀತಿದ್ಯಾ?’

ಆಮೇಲೆ ಬಯ್ದಳು. ಎದ್ದು ನಿಂತು ಬಯ್ದಳು. ನನ್ನನ್ನು, ನನ್ನ ಹೊಟ್ಟೆಯನ್ನು, ನನ್ನ ಬಸ್ಸನ್ನು, ನನ್ನ ಭಾನುವಾರದ ನಿದ್ದೆಯನ್ನು, ಯಾವುದನ್ನೂ ಬಿಡಲಿಲ್ಲ. ನನ್ನ ಮನೆ ಹಾಳಾಗಲಿ ಎಂದಳು, ತಕ್ಷಣ, ಮಗಳ ಸುದ್ದಿಗೆ ಬರಲ್ಲ, ಅವಳು ಚೆನ್ನಾಗಿರಲಿ ಎಂದಳು. ಕಲ್ಲು ಹೊಡೆದ ತನ್ನ ಕೈಗೂ ಬಯ್ದಳು. ಹೊರಗೆ ಒಂಟೆಗಳು ಕತ್ತೆತ್ತಿ ಕೇಳುತ್ತಿದ್ದವು. ಅವಳು ಅಷ್ಟು ದನಿ ಎತ್ತಿದ್ದನ್ನು ಅವು ಹುಟ್ಟಿದ ಮೇಲೆ ಕೇಳಿರಲಿಲ್ಲ. ಮುಗಿದ ಮೇಲೆ ಸೆರಗಿನಿಂದ ಮುಖ ಒರೆಸಿಕೊಂಡು, ಇಳಿಸದೇ ಇದ್ದ ಚೀಲವನ್ನು ಹೆಗಲಿನ ಮೇಲೆ ಸರಿಮಾಡಿಕೊಂಡಳು.

‘ಸಂಜೆ ಬಸ್ಸಿಗೆ ಮತ್ತೆ ಹೋಗ್ತೀನಿ. ಇನ್ನು ಬರಲ್ಲ. ಯಜಮಾನ್ರಿಗೆ ಹೇಳಿ ಹೋಗೋಣ ಅಂತ ಬಂದಿದ್ದು.’

‘ಗುರುತೇ ಸಿಗದೆ ಅಲ್ಲಿ ಏನು ಮಾಡ್ತೀಯಾ?’

‘ಬಾಚೋಕೆ ಗುರುತು ಬೇಕಾ? ಉಣಿಸೋಕೆ ಬೇಕಾ?’ ಎಂದಳು. ‘ಇಲ್ಲಿ ನೀನಿದೀಯಲ್ಲ.’

ಇರ್ತೀಯಾ ಎಂದು ಅವಳು ಕೇಳಲಿಲ್ಲ. ಕೇಳಿದ್ದರೆ ಇಲ್ಲ ಎನ್ನುತ್ತಿದ್ದೆನೋ ಏನೋ. ಶಾಲನ್ನು ನನ್ನ ಹೆಗಲಿನ ಮೇಲೆಯೇ ಬಿಟ್ಟು ಆಫೀಸಿಗೆ ನಡೆದಳು. ಯಜಮಾನರು ಅವಳ ಹಿಂದೆಯೇ ಗೇಟಿನವರೆಗೂ ಬಂದು, ಅಮ್ಮ, ಅಮ್ಮ ಎಂದು ಬೇಡಿಕೊಂಡರು. ಅವಳು ನಿಲ್ಲಲಿಲ್ಲ.

ಅವಳು ಹೋಗಿ ಹನ್ನೊಂದು ತಿಂಗಳಾಯಿತು. ದೊಡ್ಡಿಯ ಪಕ್ಕ ಎರಡನೆಯ ಕೋಣೆ ಎದ್ದಿದೆ, ಗಂಡ ಅಲ್ಲೇ ಬೆತ್ತ ಹೆಣೆಯುತ್ತಾನೆ, ಮಗಳು ನನ್ನ ಜೊತೆ ಸರಿಯಾಗಿ ಮಾತಾಡುವುದಿಲ್ಲ. ಸೀಸೆ ಕೋಣೆಗೆ ಬಂದ ಹೊಸಬಳಿಗೆ ದಿನವೂ ಉಪ್ಪಿನ ಹರಳು ಕೊಟ್ಟು ಒಂಟೆಗಳ ಬಳಿಗೆ ಕಳಿಸುತ್ತೇನೆ. ಅವಳು ನಾಲ್ಕು ದಿನ ಬರುತ್ತಾಳೆ, ಎರಡು ದಿನ ತಪ್ಪಿಸಿಕೊಳ್ಳುತ್ತಾಳೆ. ಅವಳನ್ನು ಬಯ್ಯಲು ನನಗೆ ಬಾಯಿಲ್ಲ. ನಾನಂತೂ ಒಂದು ದಿನವೂ ರಜೆ ಕೇಳಿಲ್ಲ.

ಭಾನುವಾರ ಹಾಲಕ್ಕ ತಮ್ಮನ ಫೋನಿನಿಂದ ಮಾತಾಡುತ್ತಾಳೆ. ಏಳೂ ಹೇಗಿವೆ ಎಂದು ಒಂದೊಂದನ್ನೂ ವಿಚಾರಿಸುತ್ತಾಳೆ. ಮೊನ್ನೆ ನಾನು ಧೈರ್ಯ ಮಾಡಿ ಕೇಳಿದೆ, ‘ಅಮ್ಮ ಈಗಲಾದ್ರೂ ಆ ಕುರ್ಚಿ ಮೇಲೆ ಕೂರಿಸ್ತಾಳಾ?’

‘ಇಲ್ಲ ಕಣೇ,’ ಎಂದಳು. ‘ಮಗಳು ಯಾವಾಗ ಬರ್ತಾಳೆ ಅಂತ ದಿನಾ ನನ್ನನ್ನೇ ಕೇಳ್ತಾಳೆ. ನಾಳೆ ಬರ್ತಾಳೆ ಅಂತೀನಿ.’